ನಾಲ್ಕನೆಯ ಋಣ

ಮನುಷ್ಯನು ಹುಟ್ಟುವಾಗಲೇ ಮೂರು ಋಣಗಳನ್ನು ಹೊತ್ತು ಬರುವನೆಂದು ನಮ್ಮ ಪೂರ್ವಿಕರು ಹೇಳಿರುವರು: ದೇವಋಣ, ಋಷಿಋಣ, ಪಿತೃಋಣ. ಯಜ್ಞದಿಂದ ಒಂದು, ಅಧ್ಯಯನದಿಂದ ಇನ್ನೊಂದು, ಸಂತಾನದಿಂದ ಮತ್ತೊಂದು ತೀರತಕ್ಕವು. ಪಾಠಶಾಲೆಯಲ್ಲಿ ಇದನ್ನು ಓದಿದಾಗ ನನಗೆ ಹದಿನಾರು ವರ್ಷ. ಮೂರನ್ನು ತೀರಿಸುವುದೇ ಒಂದು ಜನ್ಮಕ್ಕೆ ಸಾಕಾದಷ್ಟು ಕೆಲಸವೆಂದು ಆಗ ತೋರಿತ್ತು. ಹುಟ್ಟಿನಿಂದ ಬಾರದೆ ನಾವಾಗಿ ರುಜು ಹಾಕಿ ಮನೆಗೆ ತಂದುಕೊಳ್ಳುವ ನಾಲ್ಕನೆಯದೊಂದು ಋಣವುಂಟೆಂಬುದು ತಿಳಿದದ್ದು ಮೂವತ್ತಾರನೆಯ ವಯಸ್ಸಿನಲ್ಲಿ. ಅದರ ಬೆಲೆ ಎಷ್ಟೆಂಬುದು ತಿಳಿದದ್ದಾದರೋ ನಲವತ್ತಾರನೆಯ ವಯಸ್ಸಿನಲ್ಲಿ. ಈ ಹತ್ತು ವರ್ಷಗಳ ಅಂತರದಲ್ಲಿ ನನ್ನ ಮನೆಯಲ್ಲಿ ನಡೆದುದನ್ನು ಹೇಳಬೇಕೆಂದು ಬಹುದಿನಗಳಿಂದ ಯೋಚಿಸುತ್ತಿದ್ದೆನು. ಹೇಳಲು ಸಂಕೋಚವೂ ಇತ್ತು. ಈಗ ಹೇಳುವ ಪ್ರಸಂಗ ತಾನಾಗಿಯೇ ಒದಗಿದೆ.

ಕಳೆದ ವೈಶಾಖಮಾಸದಲ್ಲಿ ಮಗಳೂ ಅಳಿಯಂದಿರೂ ಊರಿಗೆ ಬಂದಿದ್ದರು. ಊಟವಾದ ಮೇಲೆ ಅಳಿಯಂದಿರು ನಡುಮನೆಯಲ್ಲಿ ಒಂದು ನಕ್ಷೆಯನ್ನು ಹಾಸಿ, "ಮಾವ, ಮನೆ ಕಟ್ಟುವುದೆಂದು ನಿಶ್ಚಯಿಸಿದ್ದೇವೆ. ನಿವೇಶನ ಹೇಗೂ ಇದೆ. 30 ಲಕ್ಷ ಸಾಲ ಮಂಜೂರಾಗುವಂತಿದೆ, 20 ವರ್ಷದ ಅವಧಿ. ತಿಂಗಳಿಗೆ ಇಪ್ಪತ್ತೇಳು ಸಾವಿರ ಕಟ್ಟಿಕೊಂಡು ಹೋದರಾಯಿತು" ಎಂದರು. ದರವು ಸದ್ಯಕ್ಕೆ ಸ್ವಲ್ಪ ಕಡಮೆಗೆ ಸಿಕ್ಕಬಹುದಾದರೂ, ಮುಂದೆ ಏರಿಳಿಯುವುದಾದುದರಿಂದ ವರ್ಷಕ್ಕೆ ನೂರಕ್ಕೆ 9 ಎಂದು ಅವರು ಲೆಕ್ಕಕ್ಕೆ ಹಿಡಿದಿದ್ದರು. ವಿವೇಕಿಗಳೇ ಸರಿ. ಆದರೆ "ಕಟ್ಟಿಕೊಂಡು ಹೋದರಾಯಿತು" ಎಂಬ ಮಾತು ಕಿವಿಗೆ ಬಿದ್ದೊಡನೆ ನನಗೆ 1995ನೆಯ ಇಸವಿಯ ಒಂದು ಮಧ್ಯಾಹ್ನದ ನೆನಪಾಯಿತು. ಅಂದು ಅದೇ ಮಾತನ್ನು ನಾನು ನನ್ನ ತಾಯಿಗೆ ಹೇಳಿದ್ದೆನು.

ಆಗ ನಾನು ಪ್ರೌಢಶಾಲೆಯಲ್ಲಿ ಸಂಸ್ಕೃತ ಪಂಡಿತನಾಗಿದ್ದೆನು. ಬಾಡಿಗೆಯ ಮನೆಗಳನ್ನು ಬದಲಾಯಿಸಿ ಬದಲಾಯಿಸಿ ಬೇಸತ್ತು, ಮನೆ ಕಟ್ಟಲು 2 ಲಕ್ಷ ರೂಪಾಯಿ ಸಾಲ ತೆಗೆದೆನು. ಬಡ್ಡಿ ನೂರಕ್ಕೆ 14, ಅವಧಿ 15 ವರ್ಷ, ಕಂತು ತಿಂಗಳಿಗೆ 2,713 ರೂಪಾಯಿ. ಕೈಗೆ ಬರುತ್ತಿದ್ದ ಸಂಬಳದಲ್ಲಿ ಹೆಚ್ಚುಕಡಮೆ ಅರ್ಧ. ತಾಯಿಯವರು ಅಕ್ಕಿ ಆರಿಸುತ್ತ ಕುಳಿತಿದ್ದವರು, "ಬಡ್ಡಿ ಎಷ್ಟಪ್ಪ?" ಎಂದು ಕೇಳಿದರು. "ನೂರಕ್ಕೆ ಹದಿನಾಲ್ಕಮ್ಮ" ಎಂದೆನು. "ದರ ಕೇಳಲಿಲ್ಲ ಕಣೋ. ತೀರುವ ಹೊತ್ತಿಗೆ ಎಲ್ಲ ಸೇರಿ ಎಷ್ಟು ರೂಪಾಯಿ ಕೊಟ್ಟಿರುತ್ತೀಯೆ?" ಎಂದರು. ನನಗೆ ಉತ್ತರ ತಿಳಿದಿರಲಿಲ್ಲ. "ಅದನ್ನೆಲ್ಲ ಅವರು ನೋಡಿಕೊಳ್ಳುತ್ತಾರಮ್ಮ, ನಾವು ತಿಂಗಳು ತಿಂಗಳು ಕಟ್ಟಿಕೊಂಡು ಹೋದರಾಯಿತು" ಎಂದುಬಿಟ್ಟೆನು. ಅವರ ತಂದೆಯ ಕಾಲದಲ್ಲಿ ತೋಟವೊಂದು ಭೋಗ್ಯಕ್ಕೆ ಹೋಗಿ ತಿರುಗಿ ಬಂದಿರಲಿಲ್ಲ. ಅವರು ಮುಂದೆ ಮಾತನಾಡಲಿಲ್ಲ. ಅಕ್ಕಿ ಆರಿಸತೊಡಗಿದರು.

ಅಕ್ಷರವರಿಯದ ಆಕೆ ಕೇಳಿದ ಪ್ರಶ್ನೆಯನ್ನು ಪಾಠಶಾಲೆಯಲ್ಲಿ ಪಂಚರಾಶಿಕವನ್ನು ಕಲಿತಿದ್ದ ನಾನು ಕೇಳಿಕೊಳ್ಳಲಿಲ್ಲವೆಂಬುದು ಇಂದಿಗೂ ನನಗೆ ಲಜ್ಜೆಯ ವಿಷಯ. ಭಾಸ್ಕರಾಚಾರ್ಯನ ಲೀಲಾವತಿಯಲ್ಲಿ ಬಡ್ಡಿಯ ಲೆಕ್ಕಗಳುಂಟು. ಅದಕ್ಕೂ ಮುನ್ನೂರು ವರ್ಷ ಹಿಂದೆ, ನೃಪತುಂಗನ ಕಾಲದಲ್ಲಿ, ಮಹಾವೀರಾಚಾರ್ಯನು ಬರೆದ ಗಣಿತಸಾರಸಂಗ್ರಹದಲ್ಲಿಯೂ ಉಂಟು. ನಾನು ಅವನ್ನು ಪರೀಕ್ಷೆಗಾಗಿ ಬಿಡಿಸಿದ್ದೆನು. ಲೆಕ್ಕದ ಪುಸ್ತಕದಲ್ಲಿರುವ ಸಾಲಗಾರನು ನಾನೇ ಎಂಬುದು ಹೊಳೆಯಲಿಲ್ಲ.

ಕಂತು ಕಟ್ಟುವುದು ಅಭ್ಯಾಸವಾಯಿತು. ಪ್ರತಿ ತಿಂಗಳು ಮೊದಲ ವಾರದಲ್ಲಿ ಹೋಗಿ ರಸೀತಿ ತಂದು ಒಂದು ತಗಡಿನ ಪೆಟ್ಟಿಗೆಯಲ್ಲಿ ಹಾಕುವುದು, ಅಷ್ಟೆ. ಆ ರಸೀತಿಗಳಲ್ಲಿ ಅಸಲಿಗೆಷ್ಟು ಬಡ್ಡಿಗೆಷ್ಟು ಎಂಬುದನ್ನು ನೋಡುತ್ತಿರಲಿಲ್ಲ. ಹೀಗಿರುವಾಗ 2004ರಲ್ಲಿ ಮಗಳು ಪಿಯುಸಿ ಮುಗಿಸಿದಳು. ಅವಳಿಗೆ ಗಣಿತದಲ್ಲಿ ಬಹಳ ಆಸಕ್ತಿ. ಮೈಸೂರಿಗೆ ಹೋಗಿ ಹಾಸ್ಟೆಲಿನಲ್ಲಿದ್ದು ಗಣಿತವನ್ನೇ ಮುಂದಕ್ಕೆ ಓದಬೇಕೆಂದು ಹಂಬಲ. ಆ ವರ್ಷ ತಾಯಿಯವರ ಕಾಯಿಲೆಗೆ ಖರ್ಚಾಗಿತ್ತು. ಸಂಬಳ ಏರಿದ್ದರೂ ಮನೆಯ ವೆಚ್ಚವೂ ಏರಿತ್ತು. ನಾನು ಕಾಗದದ ಮೇಲೆ ಬರೆದು ನೋಡಿದೆನು. ಉಳಿದುದೆಲ್ಲವನ್ನೂ ಸ್ವಲ್ಪ ಸ್ವಲ್ಪ ತಗ್ಗಿಸಬಹುದಾಗಿತ್ತು, ಕಂತೊಂದನ್ನು ಮಾತ್ರ ತಗ್ಗಿಸುವಂತಿರಲಿಲ್ಲ. "ಇಲ್ಲಿಯ ಕಾಲೇಜಿನಲ್ಲಿಯೇ ಓದು, ಮಗು" ಎಂದೆನು. ಅಲ್ಲಿ ಗಣಿತವಿರಲಿಲ್ಲ. ಅವಳು ವಾಣಿಜ್ಯಶಾಸ್ತ್ರ ತೆಗೆದುಕೊಂಡಳು. ಅತ್ತಳೋ ಇಲ್ಲವೋ ನಾನರಿಯೆ, ನನ್ನೆದುರಿಗೆ ಅಳಲಿಲ್ಲ.

ಮರುವರ್ಷ, ಅಂದರೆ 2005ರಲ್ಲಿ, ಸಹೋದ್ಯೋಗಿಯಾಗಿದ್ದ ಗಣಿತದ ಮೇಷ್ಟರೊಬ್ಬರು ಮಾತಿನ ನಡುವೆ, "ಸ್ವಾಮಿ, ನಿಮ್ಮದು ಇನ್ನೂ ಹದಿನಾಲ್ಕರ ಬಡ್ಡಿಯೇ? ಈಗ ಎಂಟರ ಸುಮಾರಿಗೆ ಸಿಕ್ಕುತ್ತದಲ್ಲ! ಎರಡು ವರ್ಷದಿಂದ ಹೀಗೇ ಇದೆ" ಎಂದರು. ನಾನು ದಂಗಾದೆನು. ಸಾಲ ಕೊಟ್ಟವರು ನನಗೆ ಹೇಳಿರಲಿಲ್ಲ, ನನ್ನದು ಸ್ಥಿರದರವಾದುದರಿಂದ ಹೇಳಬೇಕೆಂಬ ಕಟ್ಟುಪಾಡೂ ಅವರಿಗಿರಲಿಲ್ಲ, ನಾನೂ ಕೇಳಿರಲಿಲ್ಲ. ಅಂದು ಸಾಯಂಕಾಲ ಲೆಕ್ಕದ ತಃಖ್ತೆಯನ್ನು ತರಿಸಿ ಮೇಷ್ಟರೊಡನೆ ಕುಳಿತೆನು. ಹತ್ತು ವರ್ಷದಲ್ಲಿ ನಾನು ಕಟ್ಟಿದ್ದುದು 3 ಲಕ್ಷ 25 ಸಾವಿರ ರೂಪಾಯಿಗೂ ಮಿಕ್ಕು. ತೆಗೆದುಕೊಂಡ ಸಾಲ 2 ಲಕ್ಷ. ಇನ್ನೂ ಉಳಿದಿದ್ದ ಅಸಲು 1 ಲಕ್ಷ 11 ಸಾವಿರದ ಏಳುನೂರು ಚಿಲ್ಲರೆ! ಮೊದಲನೆಯ ವರ್ಷ ನಾನು ಕಟ್ಟಿದ 32,562 ರೂಪಾಯಿಯಲ್ಲಿ 28,000 ಬಡ್ಡಿಗೇ ಹೋಗಿ, ಅಸಲಿಗೆ ಸಂದದ್ದು 4,562 ಮಾತ್ರ.

ಇನ್ನೊಂದು ಸಂಗತಿಯನ್ನೂ ಮೇಷ್ಟರು ತೋರಿಸಿದರು. ನಾನು ಕಟ್ಟುತ್ತಿದ್ದುದು ತಿಂಗಳು ತಿಂಗಳು. ಅವರು ಅದನ್ನು ಅಸಲಿಗೆ ಇಳಿಸುತ್ತಿದ್ದುದು ವರ್ಷದ ಕೊನೆಗೊಂದು ಸಲ. ಚೈತ್ರದಲ್ಲಿ ಕೊಟ್ಟ ಹಣಕ್ಕೂ ಫಾಲ್ಗುನದವರೆಗೆ ಬಡ್ಡಿ ಬೆಳೆಯುತ್ತಲೇ ಇತ್ತು. ವಾರ್ಷಿಕ ಇಳಿಕೆಯೆಂಬ ಈ ಕ್ರಮ ಆ ಕಾಲದಲ್ಲಿ ಸಾಮಾನ್ಯವಾಗಿತ್ತು. ಪತ್ರದಲ್ಲಿ ಬರೆದೂ ಇತ್ತು. ನಾನು ಓದಿರಲಿಲ್ಲ. ಶ್ಲೋಕಕ್ಕೆ ಮೂರು ವ್ಯಾಖ್ಯಾನಗಳನ್ನು ನೋಡದೆ ಪಾಠ ಹೇಳದಿದ್ದ ನಾನು, ಹದಿನೈದು ವರ್ಷ ಕಟ್ಟಿಹಾಕುವ ಪತ್ರಕ್ಕೆ ಮೂಲವನ್ನೂ ನೋಡದೆ ರುಜು ಹಾಕಿದ್ದೆನು.

ಮುಕ್ತಾಯದ ಶುಲ್ಕವೊಂದನ್ನು ತೆತ್ತು ಸಾಲವನ್ನು ಬೇರೆ ಕಡೆಗೆ, ನೂರಕ್ಕೆ 8ರ ದರಕ್ಕೆ, ವರ್ಗಾಯಿಸಿಕೊಂಡೆನು. ಕಂತನ್ನು ಹಾಗೆಯೇ ಇರಿಸಿದುದರಿಂದ ಸಾಲವು ಸುಮಾರು ಹನ್ನೊಂದು ತಿಂಗಳು ಮುಂಚೆ ತೀರಿತು. ಆದರೆ ಇದನ್ನೇ 2003ರಲ್ಲಿ ಮಾಡಿ ಅವಧಿಯನ್ನು ಹಾಗೆಯೇ ಬಿಟ್ಟಿದ್ದರೆ, ಕಂತು ತಿಂಗಳಿಗೆ ಸುಮಾರು 540 ರೂಪಾಯಿ ಇಳಿಯುತ್ತಿತ್ತು. ಆಗಿನ ಹಾಸ್ಟೆಲಿನ ಖರ್ಚಿನಲ್ಲಿ ಅದು ಅರ್ಧದಷ್ಟು. ಉಳಿದರ್ಧವನ್ನು ಹೇಗಾದರೂ ಹೊಂದಿಸಬಹುದಾಗಿತ್ತು. ಈ ಲೆಕ್ಕವನ್ನು ನಾನು ಯಾರಿಗೂ ತೋರಿಸಲಿಲ್ಲ.

ಬಡ್ಡಿಯ ವಿಷಯದಲ್ಲಿ ನಮ್ಮ ಶಾಸ್ತ್ರಕಾರರು ಏನು ಹೇಳಿರುವರೆಂದು ಆಮೇಲೆ ಬಿಡುವಾಗಿ ನೋಡಿದೆನು. ತಿಂಗಳಿಗೆ ಅಸಲಿನ ಎಂಬತ್ತನೆಯ ಒಂದು ಭಾಗವು ವಸಿಷ್ಠನು ಒಪ್ಪಿದ ಬಡ್ಡಿಯೆಂದು ಮನುಸ್ಮೃತಿಯ ಎಂಟನೆಯ ಅಧ್ಯಾಯದಲ್ಲಿದೆ. ಅಂದರೆ ವರ್ಷಕ್ಕೆ ನೂರಕ್ಕೆ 15. ಆಧಿಯಿಟ್ಟ, ಎಂದರೆ ಅಡಮಾನವಿಟ್ಟ, ಸಾಲಕ್ಕೆ ಯಾಜ್ಞವಲ್ಕ್ಯನೂ ಇದನ್ನೇ ವಿಧಿಸಿರುವನು. ಆ ಸ್ಮೃತಿಗೆ ಮಿತಾಕ್ಷರಾ ವ್ಯಾಖ್ಯೆಯನ್ನು ಬರೆದ ವಿಜ್ಞಾನೇಶ್ವರನು ನಮ್ಮವನೇ. ಈಗಿನ ಬೀದರ ಜಿಲ್ಲೆಯ ಬಸವಕಲ್ಯಾಣದಲ್ಲಿ, ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಆಸ್ಥಾನದಲ್ಲಿದ್ದವನು. ಹಾಗಾದರೆ ನಾನು ಕೊಟ್ಟ 14 ಶಾಸ್ತ್ರದ 15ಕ್ಕಿಂತ ಒಂದು ಕಡಮೆಯೇ ಆಯಿತು! ದರವನ್ನು ದೂರುವುದಕ್ಕೆ ನನಗೆ ಆಧಾರವಿಲ್ಲ. ಆದರೆ ಅದೇ ಮನುವು ಒಂದೇ ಸಲಕ್ಕೆ ವಸೂಲು ಮಾಡುವ ಹಣ ಅಸಲಿನ ಇಮ್ಮಡಿಯನ್ನು ಮೀರಕೂಡದೆಂದೂ ಕಟ್ಟು ಮಾಡಿರುವನು. ಮುಂಬಯಿ ಪ್ರಾಂತದ ನ್ಯಾಯಾಲಯಗಳು ಇಂಗ್ಲಿಷರ ಕಾಲದಲ್ಲಿಯೂ ಹಿಂದೂಗಳ ವ್ಯವಹಾರದಲ್ಲಿ ಈ ನಿಯಮವನ್ನು ದಾಮ್‌ದುಪಟ್ ಎಂಬ ಹೆಸರಿನಿಂದ ನಡೆಸುತ್ತಿದ್ದುವು. ಸ್ವಲ್ಪ ಸ್ವಲ್ಪವಾಗಿ ತಿಂಗಳು ತಿಂಗಳು ಕೊಟ್ಟ ಬಡ್ಡಿಗೆ ಆ ಕಟ್ಟು ತಗಲುವುದಿಲ್ಲ. ನನ್ನ ಸಾಲ ಪೂರ್ತಿ ಹದಿನೈದು ವರ್ಷ ನಡೆದಿದ್ದರೆ 2 ಲಕ್ಷಕ್ಕೆ 4 ಲಕ್ಷ 88 ಸಾವಿರ ತೆರಬೇಕಾಗಿತ್ತು. ಇದರಲ್ಲಿ ಮೋಸವಾಗಲಿ ಚಕ್ರಬಡ್ಡಿಯಾಗಲಿ ಇಲ್ಲ. ಅಸಲು ನಮ್ಮ ಬಳಿ ಬಹುಕಾಲ ನಿಲ್ಲುವುದು. ನಿಂತಷ್ಟು ದಿನವೂ ಬಾಡಿಗೆ ಕೇಳುವುದು. ನಾವು ದರವನ್ನು ನೋಡಿ ಚೌಕಾಸಿ ಮಾಡುವೆವು, ಕಾಲವನ್ನು ನೋಡುವುದಿಲ್ಲ. ನನಗೆ ತಿಳಿದ ಮಟ್ಟಿಗೆ ಗುಟ್ಟೆಲ್ಲ ಇಲ್ಲಿದೆ.

ಇನ್ನು ಅಳಿಯಂದಿರ ನಕ್ಷೆಗೆ ಬರೋಣ. ಮಗಳು ಕಾಗದ ಲೇಖನಿ ತಂದಳು. ನಾನು ಪ್ರಶ್ನೆ ಕೇಳುವುದು, ಅವಳು ಲೆಕ್ಕ ಹಾಕುವುದು. 30 ಲಕ್ಷಕ್ಕೆ, ನೂರಕ್ಕೆ 9ರಂತೆ, 20 ವರ್ಷಕ್ಕೆ ಕಂತು 26,992 ರೂಪಾಯಿ. ಮೊದಲನೆಯ ಕಂತಿನಲ್ಲಿ ಬಡ್ಡಿ 22,500, ಅಸಲಿಗೆ 4,492. 240 ಕಂತು ಸೇರಿ 64 ಲಕ್ಷ 78 ಸಾವಿರ. ಇದರಲ್ಲಿ ಬಡ್ಡಿಯೇ 34 ಲಕ್ಷ 78 ಸಾವಿರ. ಹತ್ತು ವರ್ಷವಾದ ಮೇಲೆ ಕಟ್ಟಿರುವುದು 32 ಲಕ್ಷ 39 ಸಾವಿರ, ಉಳಿದಿರುವ ಅಸಲು 21 ಲಕ್ಷ 31 ಸಾವಿರ. ಅಸಲು ಅರ್ಧಕ್ಕಿಳಿಯುವುದು ಹದಿನಾಲ್ಕನೆಯ ವರ್ಷದ ಕೊನೆಗೆ. ಅಳಿಯಂದಿರು, "ಹತ್ತು ವರ್ಷಕ್ಕೆ ಅರ್ಧ ತೀರುತ್ತದೆಂದು ನಾನು ತಿಳಿದಿದ್ದೆ" ಎಂದರು. ಹಾಗೆ ತಿಳಿಯದವರು ಯಾರು? ಕಂತು ಸಮಾನವಾದುದರಿಂದ ತೀರುವುದೂ ಸಮಾನವೆಂದು ಮನಸ್ಸು ನಂಬಿಬಿಡುತ್ತದೆ.

ಅವಧಿಯನ್ನು ಬದಲಾಯಿಸಿ ನೋಡಿದೆವು. 15 ವರ್ಷಕ್ಕಾದರೆ ಕಂತು 30,428. ಒಟ್ಟು 54 ಲಕ್ಷ 77 ಸಾವಿರ. ತಿಂಗಳಿಗೆ 3,436 ರೂಪಾಯಿ ಹೆಚ್ಚು ಕೊಟ್ಟರೆ ಕೊನೆಯಲ್ಲಿ ಉಳಿಯುವುದು 10 ಲಕ್ಷ. 30 ವರ್ಷಕ್ಕೆ ಎಳೆದರೆ ಕಂತು 24,139ಕ್ಕೆ ಇಳಿಯುವುದು. ಒಟ್ಟು 86 ಲಕ್ಷ 90 ಸಾವಿರ. ತಿಂಗಳಿಗೆ ಮೂರು ಸಾವಿರಕ್ಕೂ ಕಡಮೆ ಹಗುರಾಗುವುದಕ್ಕಾಗಿ ಹತ್ತು ವರ್ಷದ ದುಡಿಮೆಯ ಮೇಲೆ ಹೊರೆ. 20 ವರ್ಷದ ಸಾಲಕ್ಕೇ ವರ್ಷಕ್ಕೊಂದು ಕಂತನ್ನು ಹೆಚ್ಚಾಗಿ ಕಟ್ಟುತ್ತ ಬಂದರೆ ಸುಮಾರು ಮೂರೂವರೆ ವರ್ಷ ಮುಂಚೆ ಬಿಡುಗಡೆಯಾಗುವುದು. ಚರದರದ ಗೃಹಸಾಲವನ್ನು ಹೀಗೆ ಮುಂಗಡವಾಗಿ ತೀರಿಸುವ ವ್ಯಕ್ತಿಗಳಿಂದ ಬ್ಯಾಂಕುಗಳು ದಂಡಶುಲ್ಕ ವಸೂಲು ಮಾಡಕೂಡದೆಂದು ರಿಸರ್ವ್ ಬ್ಯಾಂಕು 2012ರಲ್ಲಿಯೇ ಆಜ್ಞೆ ಮಾಡಿದೆ. ನನ್ನ ಕಾಲದಲ್ಲಿ ಈ ಅನುಕೂಲವಿರಲಿಲ್ಲ.

"ದರ ಏರಿದರೆ?" ಎಂದಳು ಮಗಳು. ಇದು ಬಹಳ ಮುಖ್ಯವಾದ ಪ್ರಶ್ನೆ. 2022ರ ಮೇ ತಿಂಗಳಿಗೆ ಮುಂಚೆ ರಿಸರ್ವ್ ಬ್ಯಾಂಕಿನ ರೆಪೋ ದರ ನೂರಕ್ಕೆ 4 ಇದ್ದುದು 2023ರ ಫೆಬ್ರವರಿಯ ವೇಳೆಗೆ ಆರೂವರೆಗೆ ಏರಿತು. ಆ ದರಕ್ಕೆ ಹೊಂದಿಕೊಂಡಿದ್ದ ಗೃಹಸಾಲಗಳ ಬಡ್ಡಿಯೂ ಜೊತೆಯಲ್ಲಿ ಏರಿತು. ಅನೇಕರ ಕಂತು ಏರಲಿಲ್ಲ, ಅವರು ಸಂತೋಷಪಟ್ಟರು. ಏರಿದ್ದು ಅವಧಿ. ಉದಾಹರಣೆಗೆ, 30 ಲಕ್ಷವನ್ನು ನೂರಕ್ಕೆ 7ರಂತೆ 20 ವರ್ಷಕ್ಕೆ ತೆಗೆದವನ ಕಂತು 23,259. ಎರಡು ವರ್ಷವಾದ ಮೇಲೆ ದರ 9 ಆಗಿ ಕಂತು ಹಾಗೆಯೇ ನಿಂತರೆ, ಹದಿನೆಂಟು ವರ್ಷದಲ್ಲಿ ತೀರಬೇಕಾಗಿದ್ದ ಸಾಲಕ್ಕೆ ಇಪ್ಪತ್ತೆಂಟು ವರ್ಷ ಬೇಕಾಗುವುದು. ಕಂತು ಏರಲಿಲ್ಲವೆಂದು ಸುಮ್ಮನಿದ್ದವನು ನಿವೃತ್ತನಾದ ಮೇಲೂ ಸಾಲಗಾರನಾಗಿಯೇ ಇರುವನು. ಇಂಥ ಸಂದರ್ಭದಲ್ಲಿ ಕಂತು ಏರಿಸುವುದೋ ಅವಧಿ ಏರಿಸುವುದೋ ಎಂಬುದನ್ನು ಸಾಲಗಾರನೇ ಆರಿಸಿಕೊಳ್ಳುವಂತೆ ಅವಕಾಶ ಕೊಡಬೇಕೆಂದು 2023ರ ಆಗಸ್ಟ್ ತಿಂಗಳಲ್ಲಿ ರಿಸರ್ವ್ ಬ್ಯಾಂಕು ವಿಧಿಸಿತು. ಹಕ್ಕು ಇದೆ, ಆದರೆ ಬಂದ ಕಾಗದವನ್ನು ಓದಿದವನಿಗೆ ಮಾತ್ರ ಅದರಿಂದ ಪ್ರಯೋಜನ.

ಅಳಿಯಂದಿರು ವರಮಾನ ತೆರಿಗೆಯ ಮಾತೆತ್ತಿದರು. ಹಳೆಯ ಪದ್ಧತಿಯಲ್ಲಿ, ಸ್ವಂತ ವಾಸದ ಮನೆಯ ಬಡ್ಡಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗೆ ವರಮಾನದಿಂದ ಕಳೆಯಬಹುದು; ಹೊಸ ಪದ್ಧತಿಯಲ್ಲಿ ಅದಿಲ್ಲ. ಇದ್ದರೂ, ನೂರು ರೂಪಾಯಿ ಬಡ್ಡಿ ಕೊಟ್ಟು ಇಪ್ಪತ್ತೋ ಮೂವತ್ತೋ ರೂಪಾಯಿ ತೆರಿಗೆ ಉಳಿಸುವುದನ್ನು ಲಾಭವೆಂದು ಬರೆದುಕೊಳ್ಳಬಾರದು; ನಷ್ಟದಲ್ಲಿ ಕಡಮೆಯೆಂದು ಬರೆದುಕೊಳ್ಳಬೇಕು. ಇವಲ್ಲದೆ ಸಾಲದ ಜೊತೆಗೆ ಬರುವ ಪರಿಶೀಲನೆಯ ಶುಲ್ಕ, ವಿಮೆಯ ಕಂತು ಮುಂತಾದ ಚಿಲ್ಲರೆಗಳೂ ಉಂಟು. ವಿಮೆಯ ಹಣವನ್ನು ಸಾಲಕ್ಕೇ ಸೇರಿಸಿಬಿಟ್ಟರೆ ಅದಕ್ಕೂ ಇಪ್ಪತ್ತು ವರ್ಷ ಬಡ್ಡಿ.

ಇಷ್ಟು ಹೇಳಿದುದರಿಂದ ಸಾಲ ಮಾಡಿ ಮನೆ ಕಟ್ಟುವುದೇ ತಪ್ಪೆಂದು ವಾಚಕರು ಭಾವಿಸಬಾರದು. ಬಾಡಿಗೆಯೂ ವರ್ಷವರ್ಷಕ್ಕೆ ಏರುವುದು, ಕೊನೆಗೆ ಉಳಿಯುವುದೇನೂ ಇಲ್ಲ. ಹಣದ ಬೆಲೆ ಇಳಿಯುತ್ತ ಬರುವುದು ಸಾಲಗಾರನಿಗೆ ಸಹಾಯವೇ. ಮೊದಲು ಸಂಬಳದ ಅರ್ಧವಾಗಿದ್ದ ನನ್ನ ಕಂತು ಹತ್ತು ವರ್ಷದಲ್ಲಿ ಕಾಲುಭಾಗವಾಯಿತು. ನನ್ನ ತಾಯಿಯವರು ಪರರ ಮನೆಯಲ್ಲಿ ಅಲ್ಲ, ತಮ್ಮ ಮಗನ ಮನೆಯಲ್ಲಿ ಕಣ್ಣು ಮುಚ್ಚಿದರು. ಅದಕ್ಕೆ ಬೆಲೆ ಕಟ್ಟಲಾರೆ. ಆದರೆ ಬೆಲೆ ಕಟ್ಟಲಾಗದ್ದು ಆ ತಕ್ಕಡಿಯ ಇನ್ನೊಂದು ತಟ್ಟೆಯಲ್ಲಿಯೂ ಇತ್ತೆಂಬುದನ್ನು ನಾನು ನೋಡಿರಲಿಲ್ಲ. ಕಂತು ತಿಂದದ್ದು ರೂಪಾಯಿಗಳನ್ನು ಮಾತ್ರವಲ್ಲ. ಅದು ಬೇರೆ ಯಾವುದಕ್ಕೂ 'ಆಗಲಿ' ಎನ್ನುವ ಶಕ್ತಿಯನ್ನು ಹತ್ತು ವರ್ಷ ನನ್ನಿಂದ ಕಸಿದುಕೊಂಡಿತ್ತು.

ಆ ಹೊತ್ತಿಗೆ ಅಳಿಯಂದಿರು ನಕ್ಷೆಯನ್ನು ಮಡಚಿ ಮಲಗಲು ಹೋಗಿದ್ದರು. ನಾನು ಮಗಳಿಗೆ 2003ರ ಲೆಕ್ಕವನ್ನು ಹೇಳಿದೆನು. ಆ 540 ರೂಪಾಯಿಯನ್ನೂ ಹೇಳಿದೆನು. ಇಪ್ಪತ್ತು ವರ್ಷ ಅದನ್ನು ಮುಚ್ಚಿಟ್ಟುಕೊಂಡಿದ್ದೆನು. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಬಳಿಕ, "ನನಗೆ ಗೊತ್ತಿತ್ತಪ್ಪ. ಬಿ.ಕಾಂ. ಎರಡನೆಯ ವರ್ಷದಲ್ಲಿ ಬಡ್ಡಿಯ ಪಾಠ ಬಂದಾಗ ತಗಡಿನ ಪೆಟ್ಟಿಗೆಯ ರಸೀತಿಗಳನ್ನೆಲ್ಲ ತೆಗೆದು ನೋಡಿದ್ದೆ. ನಿಮಗೆ ನೋವಾಗುತ್ತದೆಂದು ಹೇಳಲಿಲ್ಲ" ಎಂದಳು. ನಾನು ಏನು ಹೇಳಲಿ? ತಂದೆಯ ಲೆಕ್ಕವನ್ನು ಮಗಳು ತಿದ್ದಿ, ಅಂಕವನ್ನು ತಿಳಿಸದೆ ಇಟ್ಟುಕೊಂಡಿದ್ದಳು.

ಮಾರನೆಯ ದಿನ ಮತ್ತೆ ಕುಳಿತೆವು. ಮೇಲಂತಸ್ತು ಸದ್ಯಕ್ಕೆ ಬೇಡವೆಂದು ಅಳಿಯಂದಿರೇ ಹೇಳಿದರು. ಅದರಿಂದ 5 ಲಕ್ಷ ಇಳಿಯಿತು. ನಿವೃತ್ತಿಯಲ್ಲಿ ಬಂದ ಹಣದಿಂದ 3 ಲಕ್ಷವನ್ನು ನಾನು ಕೊಟ್ಟೆನು. ಬೇಡವೆಂದರು, ಇದು ದಾನವಲ್ಲ, ಹಳೆಯ ಬಾಕಿ ಎಂದೆನು. ಉಳಿದ 22 ಲಕ್ಷಕ್ಕೆ 15 ವರ್ಷದ ಅವಧಿ; ಕಂತು 22,314; ಬಡ್ಡಿ ಒಟ್ಟು 18 ಲಕ್ಷ 16 ಸಾವಿರ. ಮೊದಲಿನ ಲೆಕ್ಕಕ್ಕಿಂತ ಬಡ್ಡಿಯಲ್ಲಿ 16 ಲಕ್ಷ 62 ಸಾವಿರ ಕಡಮೆ, ಅವಧಿಯಲ್ಲಿ ಐದು ವರ್ಷ ಕಡಮೆ, ಕಂತಿನಲ್ಲಿಯೂ ತಿಂಗಳಿಗೆ 4,678 ಕಡಮೆ. ಮಗಳು ಈ ಕೊನೆಯ ಅಂಕಿಯ ಮುಂದೆ ಸಣ್ಣ ಅಕ್ಷರದಲ್ಲಿ 'ಹಾಸ್ಟೆಲು' ಎಂದು ಬರೆದಳು. ಮೊಮ್ಮಗಳು ಈಗ ಒಂಬತ್ತನೆಯ ತರಗತಿಯಲ್ಲಿರುವಳು.

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎಂದು ಗಾದೆ. ಕಟ್ಟುವುದಕ್ಕೆ ಮೊದಲೇ ಒಂದು ಸಾಯಂಕಾಲ ಕುಳಿತು ನೋಡುವುದು ಲೇಸು. ದರವೆಷ್ಟು, ಕಂತೆಷ್ಟು ಎಂದು ಎಲ್ಲರೂ ಕೇಳುವರು. ತೀರುವ ಹೊತ್ತಿಗೆ ಎಲ್ಲ ಸೇರಿ ಎಷ್ಟು, ಹತ್ತು ವರ್ಷವಾದ ಮೇಲೆ ಉಳಿಯುವುದೆಷ್ಟು, ದರ ಏರಿದರೆ ಏರುವುದು ಕಂತೋ ಕಾಲವೋ, ಈ ಕಂತಿಗಾಗಿ ಮನೆಯಲ್ಲಿ ಯಾರಿಗೆ 'ಇಲ್ಲ' ಎನ್ನಬೇಕಾಗುವುದು: ಈ ನಾಲ್ಕನ್ನೂ ಕೇಳಿಕೊಂಡು, ಉತ್ತರಗಳನ್ನು ಮನೆಮಂದಿಯೆಲ್ಲ ಕೂಡಿ ಓದಿ, ಆಮೇಲೆ ರುಜು ಹಾಕಬೇಕೆಂದು ನನ್ನ ಪ್ರಾರ್ಥನೆ. ಮೊದಲನೆಯ ಪ್ರಶ್ನೆಯನ್ನು ನನಗೆ ಕೇಳಿದವರು ನನ್ನ ತಾಯಿ. ಉತ್ತರ ಕೊಡುವುದಕ್ಕೆ ಈಗ ಅವರಿಲ್ಲ. ಮೇಲಿನ ಸಾಲುಗಳನ್ನು ಅವರಿಗೆ ಒಪ್ಪಿಸಿದ ಲೆಕ್ಕವೆಂದೇ ತಿಳಿಯಬೇಕು.